ಅತ್ತಿಗೆ ಕೂಗಿದ್ದು

ಸೆಪ್ಟೆಂಬರ್ ೪, ಸಾಜ್

ಕೂತಲ್ಲಿ ಕೂರಲಾಗುತ್ತಿಲ್ಲ. ಬೆಳಿಗ್ಗೆಯಿಂದ ಅಂಗಳದಿಂದ ಗುಡ್ಡಕ್ಕೆ, ಗುಡ್ಡದಿಂದ ಅಂಗಳಕ್ಕೆ ತಿರುಗಿದ್ದೇ ಆಯಿತು. ಗುಡ್ಡದ ನೆತ್ತಿಯಲ್ಲಿ ಮಾತ್ರ ನನ್ನ ಫ್ರಾನ್ಸಿನ ಫೋನಿಗೆ ಜೀವ ಬರುತ್ತದೆ. ಎಲೋಡಿಯ ಸಂದೇಶಗಳು ಒಂದರ ಹಿಂದೊಂದು ಬಂದು ಬಿದ್ದವು, ಎಲ್ಲದರಲ್ಲೂ ಒಂದೇ ಪ್ರಶ್ನೆ: ಕೊನೆಯ ದೃಶ್ಯ ಯಾವಾಗ? ಮಂಜು ಇಳಿದ ದಿನ ಎಂದೆ. ಅದು ಯಾವ ದಿನ ಎಂದು ಕೇಳಿದಳು. ನಿರ್ಮಾಪಕಿಯಾಗಿ ಒಳ್ಳೆಯವಳೇ. ಆದರೆ ಫ್ರಾನ್ಸಿನ ಮಾರ್ಸೇಯಲ್ಲಿ ಕೂತು ನಮ್ಮ ನಾರಿನ್ ಬೆಟ್ಟದ ಮಂಜಿಗೆ ತಾರೀಕು ಗೊತ್ತುಮಾಡುವವರಿಗೆ ಏನು ಹೇಳುವುದು?

ಒಂಬತ್ತು ವರ್ಷದ ಮೇಲೆ ನನ್ನ ಎರಡನೆಯ ಸಿನಿಮಾ. ಮೊದಲನೆಯದಕ್ಕೆ ಅಲ್ಲಿ ಬಹುಮಾನ ಬಂತು. ಇಲ್ಲಿ ಯಾರೂ ನೋಡಲಿಲ್ಲ, ನೋಡದೆಯೇ ಬೈದರು. ನಿನ್ನೆ ಅಂಗಡಿಯಲ್ಲಿ ನಿಂತಿದ್ದಾಗ ಬೆನ್ನ ಹಿಂದೆ ಯಾರೋ, ‘ಫ್ರಾನ್ಸಿನವ್ರಿಗೆ ನಮ್ಮ ಬೆರಣಿ ತೋರ್ಸಿ ಬಹುಮಾನ ಹೊಡ್ಕೊಂಡವಳು ಇವಳೇನಾ?’ ಎಂದರು. ಅಲ್ಲಿದ್ದಾಗ ನಾನು ಕಿರ್ಗಿಜ್ ನಿರ್ದೇಶಕಿ, ಇಲ್ಲಿಗೆ ಬಂದರೆ ಫ್ರಾನ್ಸಿನವಳು. ಈ ಸಲ ಎಡವಿದರೆ ನನಗಾಗಿ ಇನ್ನು ಯಾರೂ ಕಾಯುವುದಿಲ್ಲ.

ಬೇಗ ಮುಗಿಸಿ ಮನೆಗೆ ಹೋಗಬೇಕು. ಮಾರ್ಸೇಯ ನನ್ನ ಕೋಣೆ, ನನ್ನ ಮೇಜು, ನನ್ನ ಬಿಸಿನೀರು.

ಸೆಪ್ಟೆಂಬರ್ ೭

ಇವತ್ತಿನ ಕೆಲಸ ಚೆನ್ನಾಗಿ ಆಯಿತು. ಅತ್ತಿಗೆ ಅನಾರ್ಕುಲ್ ಕ್ಯಾಮೆರಾ ಇದೆ ಎನ್ನುವುದನ್ನೇ ಮರೆತು ಕುದುರೆಯ ಹಾಲು ಕರೆದಳು. ರಾಜಧಾನಿ ಬಿಶ್ಕೆಕ್‌ನ ನಟಿಯರನ್ನು ಹಾಕಿಕೊಂಡಿದ್ದರೆ ಮೊದಲು ಕುದುರೆಗೆ ಅಭಿನಯ ಕಲಿಸಬೇಕಿತ್ತು. ಅಣ್ಣ ಮೆಲಿಸನ ಹೆಂಡತಿಯನ್ನೇ ನಾಯಕಿ ಮಾಡಿದ್ದು ನನ್ನ ಜಾಣತನ ಎಂದು ನನಗೇ ಬೆನ್ನು ತಟ್ಟಿಕೊಂಡೆ.

ಕಥೆ ಇಷ್ಟೇ. ಜೋಲ್ದೋಶ್ ಎಂಬ ಮುದುಕ ತಪ್ಪಿಸಿಕೊಂಡ ಹೆಣ್ಣುಕುದುರೆಯನ್ನು ಹುಡುಕುತ್ತ ಮಂಜಿನಲ್ಲಿ ಹೋಗುತ್ತಾನೆ, ಬರುವುದಿಲ್ಲ. ಸೊಸೆ ಹುಡುಕಿಕೊಂಡು ಹೊರಡುತ್ತಾಳೆ. ಬದುಕಿಡೀ ಮಾವನ ಹೆಸರು ಹಿಡಿಯದ ಸೊಸೆ ಕೊನೆಗೆ ಬೆಟ್ಟದ ಅಂಚಿನಲ್ಲಿ ನಿಂತು ಆ ಹೆಸರನ್ನು ಕೂಗುತ್ತಾಳೆ. ಫ್ರಾನ್ಸಿನ ಚಿತ್ರಕಥೆಯ ಶಿಬಿರದಲ್ಲಿ ಇದನ್ನು ಓದಿದಾಗ ಒಬ್ಬ ಹೆಂಗಸು ಕಣ್ಣೊರೆಸಿಕೊಂಡು, ‘ಅದೇ ಅವಳ ಬಿಡುಗಡೆ’ ಎಂದಳು. ನಾನೂ ಹೌದೆಂದು ತಲೆಯಾಡಿಸಿದೆ. ಹಣ ಸಿಕ್ಕಿದ್ದೇ ಆ ಕೂಗಿನಿಂದ.

ಜೋಲ್ದೋಶ್ ನನ್ನ ಅಪ್ಪನ ಹೆಸರು. ಅಪ್ಪ ತೀರಿಕೊಂಡದ್ದು ಮಂಜಿನಲ್ಲಲ್ಲ, ಮನೆಯಲ್ಲೇ, ಹಾಸಿಗೆಯಲ್ಲಿ. ನಾನು ವಿಮಾನ ಹಿಡಿದು ಬರುವಷ್ಟರಲ್ಲಿ ಮಣ್ಣು ಮಾಡಿ ಆಗಿತ್ತು. ಹೆಸರಾದರೂ ಪರದೆಯ ಮೇಲೆ ಇರಲಿ ಎಂದು ಸಿನಿಮಾಕ್ಕೂ ಅದನ್ನೇ ಇಟ್ಟೆ.

ಕೊನೆಯ ದೃಶ್ಯದ ಮಾತು ಅನಾರ್ಕುಲ್‌ಗೆ ಹೇಳಿಲ್ಲ. ಯಾರಿಗೂ ನಾನು ಚಿತ್ರಕಥೆ ಕೊಡುವುದಿಲ್ಲ, ಆ ದಿನದ ಮಾತು ಆ ದಿನ ಬೆಳಿಗ್ಗೆ. ಮೊದಲೇ ಕೊಟ್ಟರೆ ರಾತ್ರಿಯೆಲ್ಲ ಉರು ಹೊಡೆದು ಗಿಳಿಯಾಗುತ್ತಾರೆ.

ಸೆಪ್ಟೆಂಬರ್ ೧೩

ಮಂಜು ಇಳಿಯಿತು. ಕೆಲಸ ಕೆಟ್ಟಿತು.

ಎಲ್ಲ ಸಿದ್ಧವಿತ್ತು. ಶಬ್ದ ನೋಡಿಕೊಳ್ಳುವ ಎರ್ಮೆಕ್, ಅನಾರ್ಕುಲ್‌ಳ ತಲೆವಸ್ತ್ರದೊಳಗೆ ಪುಟ್ಟ ಮೈಕು ಸಿಕ್ಕಿಸಿದ. ಅವಳು ಬೆಟ್ಟದ ಅಂಚಿನಲ್ಲಿ ನಿಂತು, ‘ನಾನೀಗ ಏನು ಕೂಗ್ಬೇಕು?’ ಎಂದಳು.

‘ಜೋಲ್ದೋಶ್ ಅಂತ. ಗಂಟಲು ಹರಿಯೋ ಹಾಗೆ.’

ನಕ್ಕಳು. ‘ತಮಾಷೆ ಸಾಕು ಎರ್ಕೆ. ಚಳಿ ಆಗ್ತಿದೆ. ಏನು ಕೂಗ್ಲಿ ಹೇಳು.’

ಎರ್ಕೆ ಎಂದರೆ ಮುದ್ದಿನವಳು. ಗಂಡನ ಮನೆಯವರ ಹೆಸರು ಹಿಡಿಯುವಂತಿಲ್ಲವಲ್ಲ, ಹಾಗಾಗಿ ಬಂದ ಸೊಸೆ ಎಲ್ಲರಿಗೂ ಹೊಸದಾಗಿ ಹೆಸರಿಡುತ್ತಾಳೆ. ಅವಳು ಬಂದಾಗ ನನಗೆ ಎಂಟು ವರ್ಷ. ಸಾಯ್ಕಾಲ್ ಎಂಬ ನನ್ನ ಹೆಸರನ್ನು ಇವತ್ತಿಗೂ ಅವಳು ಬಾಯಿಬಿಟ್ಟು ಅಂದಿಲ್ಲ.

‘ತಮಾಷೆ ಅಲ್ಲ ಅತ್ತಿಗೆ. ಸಿನಿಮಾದ ಕೊನೆಯೇ ಅದು.’

ಅವಳು ಅಂಚಿನಿಂದ ಎರಡು ಹೆಜ್ಜೆ ಹಿಂದೆ ಸರಿದಳು. ‘ಬೇರೆಯವ್ರೆಲ್ಲ ಆ ಹೆಸರು ಅಂತಿದ್ದಾಗ ಖುಷಿಪಟ್ಟಿದ್ದೆ, ಹಿರಿಯರ ನೆನಪು ಮಾಡ್ತಿದಾಳೆ ಹುಡುಗಿ ಅಂತ. ನನ್ನ ಬಾಯಿಗೂ ತುರುಕ್ತೀಯ ಅಂದ್ಕೊಂಡಿರ್ಲಿಲ್ಲ.’

‘ಪಾತ್ರದ ಹೆಸರು ತಾನೇ?’

‘ಪಾತ್ರಕ್ಕೆ ನಿನಗೆ ಬೇರೆ ಹೆಸರೇ ಸಿಗ್ಲಿಲ್ವಾ? ಸಿದಿಕ್ ಅನ್ನು, ಬೆಟ್ಟ ಬಿರಿಯೋ ಹಾಗೆ ಕೂಗ್ತೀನಿ.’

‘ಆಗಲೇ ಎಲ್ಲಾ ದೃಶ್ಯದಲ್ಲೂ ಜೋಲ್ದೋಶ್ ಅಂದಾಗಿದೆ.’

‘ಅಂದವ್ರ ಹತ್ರಾನೇ ಕೂಗ್ಸು.’

ಎರ್ಮೆಕ್ ಕೆಮ್ಮಿ ಆ ಕಡೆ ತಿರುಗಿದ. ನಗುತ್ತಿದ್ದ, ಕತ್ತೆ.

ನನ್ನ ತಪ್ಪೆಲ್ಲಿ ಎಂದು ಆಗ ತಿಳಿಯಿತು. ಮಗಳಾದ ನನಗೆ ಅದೊಂದು ಹೆಸರು. ಅವಳಿಗೆ ಆ ಹೆಸರಿನ ಚೂರು ಕೂಡ ಬಾಯಿಗೆ ಬರಕೂಡದು. ನಮ್ಮ ಭಾಷೆಯಲ್ಲಿ ಜೋಲ್ ಎಂದರೆ ದಾರಿ, ಜೋಲ್ದೋಶ್ ಎಂದರೆ ದಾರಿಯ ಜೊತೆಗಾರ. ಅದಕ್ಕೇ ಅವಳ ಮಾತಿನಲ್ಲಿ ದಾರಿಯೇ ಇಲ್ಲ, ‘ತುಳಿದದ್ದು’ ಇದೆ. ‘ತುಳಿದದ್ದು ಕೆಟ್ಟಿದೆ, ಲಾರಿ ಬರಲ್ಲವಂತೆ’ ಎನ್ನುತ್ತಾಳೆ. ಸೋವಿಯತ್ ಕಾಲದಲ್ಲಿ ಹಾಲಿನ ಡೇರಿಯ ಸಭೆಯಲ್ಲಿ ‘ಜೋಲ್ದೋಶ್ ಅಧ್ಯಕ್ಷರೇ’ ಎಂದು, ಅಂದರೆ ಕಾಮ್ರೇಡ್ ಅಧ್ಯಕ್ಷರೇ ಎಂದು, ಶುರುಮಾಡಬೇಕಿತ್ತಂತೆ. ‘ನಮ್ಮ ಮಾವನವರಂಥ ಅಧ್ಯಕ್ಷರೇ’ ಎಂದು ಇಡೀ ಸಭೆಯನ್ನು ನಗಿಸಿದ್ದಳು. ಇಂಥವಳ ಬಾಯಿಂದ ಆ ಹೆಸರನ್ನೇ ಕೂಗಿಸಲು ಹೊರಟ ನಾನೆಂಥ ಪೆದ್ದಿ.

ಪೆದ್ದಿಯೋ ಅಲ್ಲವೋ, ದೃಶ್ಯ ಬೇಕು.

ಸೆಪ್ಟೆಂಬರ್ ೧೪

ಎಲೋಡಿಗೆ ಗುಡ್ಡದಿಂದ ಫೋನ್ ಮಾಡಿದೆ. ‘ಹೆಸರಿಲ್ಲದಿದ್ದರೆ ಕೊನೆಯಿಲ್ಲ. ಒಬ್ಬ ಹೆಂಗಸು ಮಂಜಿನಲ್ಲಿ ನಿಂತಿದ್ದಾಳೆ, ಅಷ್ಟೇ’ ಎಂದಳು. ಸರಿಯಾಗಿಯೇ ಹೇಳಿದಳು, ಅದಕ್ಕೇ ಸಿಟ್ಟು ಬಂತು.

ಮೆಲಿಸನನ್ನು ಹಿಡಿದೆ. ನೀನಾದರೂ ಹೇಳು ಅಂದೆ. ಅವನು ಕುದುರೆಯ ಲಾಳ ನೋಡುತ್ತ, ತಲೆಯೆತ್ತದೆ, ‘ಅಪ್ಪನಿಗೆ ಕೊನೆ ವರ್ಷ ಊಟ ಮಾಡ್ಸಿದ್ದು, ತಿರುಗಿಸಿ ಮಲಗ್ಸಿದ್ದು ಅವಳು. ನಾನೇನು ಹೇಳ್ಲಿ? ನೀನೇ ಹೇಳ್ಕೋ’ ಎಂದ.

ಹೇಳಿಕೊಂಡೆ. ಬೇಡಿದೆ, ಹೆದರಿಸಿದೆ, ಸಿನಿಮಾ ನಿಂತುಹೋಗುತ್ತದೆ ಎಂದು ಅತ್ತೂ ಬಿಟ್ಟೆ. ಅವಳು ಹಿಟ್ಟಿನ ತುಂಡುಗಳನ್ನು ಎಣ್ಣೆಗೆ ಬಿಟ್ಟು ಬೋರ್ಸೊಕ್ ಕರಿಯುತ್ತಿದ್ದಳು. ನನ್ನ ಕೈಗೆ ಬಿಸಿಬಿಸಿ ಒಂದು ಇಟ್ಟು, ‘ತಿನ್ನು, ಹಸಿವಿಗೆ ನಿನಗೆ ಅಳು ಬರುತ್ತೆ, ಚಿಕ್ಕಂದಿನಿಂದ್ಲೂ ಹಾಗೇ’ ಎಂದಳು. ಹಸಿವೇನೂ ಇರಲಿಲ್ಲ. ತಟ್ಟೆ ಖಾಲಿ ಮಾಡಿದೆ.

ಸೆಪ್ಟೆಂಬರ್ ೧೭

ಆಯಿತು. ಮತ್ತೆ ಮಂಜು ಸಿಕ್ಕಿತು. ಅನಾರ್ಕುಲ್‌ಗೆ ಹೇಳಿದೆ: ‘ಹೆಸರು ಬೇಡ. ಬಾಯಿ ತೆರೆದು ಏನಾದರೂ ಕೂಗಿ, ದೂರದಿಂದ ತೆಗೀತೀನಿ. ಮುಂದಿನದು ನಾನು ನೋಡ್ಕೋತೀನಿ.’ ಅವಳ ಹೆಗಲಿನಿಂದ ಬೆಟ್ಟದಷ್ಟು ಭಾರ ಇಳಿದ ಹಾಗೆ ಕಂಡಿತು. ‘ಮೊದ್ಲೇ ಹೀಗಂದಿದ್ರೆ ನಾಲ್ಕು ದಿನ ನಿದ್ದೆ ಮಾಡ್ತಿದ್ದೆ’ ಎಂದಳು.

ನಾನು ಕಣಿವೆಯ ಈಚೆಯಲ್ಲಿ ಕ್ಯಾಮೆರಾದ ಹಿಂದೆ. ಗಾಳಿಯೆಂದರೆ ಗಾಳಿ. ಅವಳು ಅರ್ಧ ಬೆನ್ನು ತಿರುಗಿಸಿ ನಿಂತು ಏನೋ ಕೂಗಿದಳು. ನನಗೆ ಕೇಳಿಸಿದ್ದು ಗಾಳಿ ಮಾತ್ರ. ಎರ್ಮೆಕ್ ಕಿವಿಗೆ ಹೆಡ್‌ಫೋನು ಒತ್ತಿಕೊಂಡು ಬಂದು, ‘ಅಕ್ಕಾ, ಇದನ್ನೊಮ್ಮೆ ಕೇಳಿ’ ಎಂದ. ಬೇಡ, ಆ ಶಬ್ದ ಉಪಯೋಗಿಸುವುದಿಲ್ಲ, ಗಾಡಿ ತುಂಬು ಎಂದೆ.

ಹೊರಡುವಾಗ ಅನಾರ್ಕುಲ್ ಗಾಡಿಯ ಕಿಟಕಿಯ ಬಳಿ ಬಂದಳು. ಪ್ರಯಾಣ ಹೊರಟವರಿಗೆ ಎಲ್ಲರೂ ‘ನಿನ್ನ ದಾರಿ ಬಿಳಿಯಾಗಲಿ’ ಎನ್ನುತ್ತಾರೆ. ಅವಳಿಗೆ ದಾರಿ ಇಲ್ಲವಲ್ಲ. ‘ನೀನು ತುಳಿದದ್ದೆಲ್ಲ ಬಿಳಿಯಾಗಲಿ’ ಎಂದಳು. ನಕ್ಕುಬಿಟ್ಟೆ.

ಅಕ್ಟೋಬರ್ ೩೦, ಮಾರ್ಸೇ

ಮನೆಗೆ ಬಂದು ಒಂದು ತಿಂಗಳಾಯಿತು. ಇಲ್ಲೂ ಕೂರಲಾಗುತ್ತಿಲ್ಲ. ಸಂಕಲನದ ಕೋಣೆಯಿಂದ ಬಂದರಿಗೆ, ಬಂದರಿನಿಂದ ಕೋಣೆಗೆ. ಪಕ್ಕದ ಮನೆಯವಳು, ‘ನಿಮ್ಮ ದೇಶದ ಬೆಟ್ಟಗಳು ತುಂಬ ಚೆಂದವಂತೆ, ಬಿಟ್ಟು ಹೇಗಿದ್ದೀರಿ?’ ಎಂದಳು. ಅಲ್ಲಿದ್ದರೆ, ಫ್ರಾನ್ಸ್ ಬಿಟ್ಟು ಹೇಗಿದ್ದೀಯ ಎನ್ನುತ್ತಾರೆ. ಹೇಗೋ ಇದ್ದೇನೆ. ಈ ಪ್ರಶ್ನೆಗಳಿಲ್ಲದ ಯಾವುದಾದರೂ ಊರಿದ್ದರೆ ಅಲ್ಲಿಗೆ ಹೋಗಿಬಿಡಬೇಕು.

ನವೆಂಬರ್ ೧೬

ಕೂಗು.

ಬಿಶ್ಕೆಕ್‌ನಿಂದ ಬಂದ ಒಬ್ಬ ವಿದ್ಯಾರ್ಥಿನಿಯಿಂದ ಸ್ಟುಡಿಯೋದಲ್ಲಿ ಆ ಹೆಸರು ಕೂಗಿಸಿದೆ. ಹುಡುಗಿ ಚೆನ್ನಾಗಿಯೇ ಕೂಗಿದಳು, ಬಸ್ಸು ನಿಲ್ಲಿಸಲು ಕೂಗಿದ ಹಾಗೆ. ಎರಡನೆಯ ಸಲ, ಮೂರನೆಯ ಸಲ, ಅದೇ ಬಸ್ಸು. ಅವಳನ್ನು ಕಳಿಸಿ ನಾನೇ ಮೈಕಿನ ಮುಂದೆ ನಿಂತೆ. ವಯಸ್ಸಾದ ದನಿ ಬರಲೆಂದು ಗಂಟಲು ಕೆರೆಯುವವರೆಗೆ ಕಿರುಚಿದೆ. ಜೋಲ್ದೋಶ್ ಎಂದು ನಾನು ಅಪ್ಪನನ್ನು ಎಂದೂ ಕೂಗಿದವಳಲ್ಲ, ಅಪ್ಪಾ ಎನ್ನುತ್ತಿದ್ದೆ. ಮಧ್ಯೆ ಎಲ್ಲೋ ದನಿ ಒಡೆಯಿತು. ಅದನ್ನೇ ಉಳಿಸಿಕೊಂಡೆ.

ಅನಾರ್ಕುಲ್‌ಳ ತುಟಿಗೆ ನನ್ನ ದನಿ ಹೊಲಿಗೆ ಕಾಣದಂತೆ ಕೂತಿತು. ದೂರದ ದೃಶ್ಯ, ಅರ್ಧ ಬೆನ್ನು, ಯಾರಿಗೂ ಗೊತ್ತಾಗುವುದಿಲ್ಲ. ಎಲೋಡಿ ನೋಡಿ ಕಣ್ಣೊರೆಸಿಕೊಂಡಳು. ಅವಳು ಅತ್ತದ್ದು ನೋಡಿ ನನಗೆ ಗೆದ್ದಷ್ಟು ಸಂತೋಷ. ದನಿ ನನ್ನದೆಂದು ಊರಿಗೆ ಹೇಳಬೇಕು ಅಂದುಕೊಂಡೆ. ಆಮೇಲೆ, ಅವರೆಲ್ಲಿ ಈ ಸಿನಿಮಾ ನೋಡುತ್ತಾರೆ, ಮೊದಲನೆಯದನ್ನೇ ನೋಡಲಿಲ್ಲ ಎಂದು ಸುಮ್ಮನಾದೆ.

ಡಿಸೆಂಬರ್ ೨೦

ಇಷ್ಟು ದಿನ ಕಾದಿದ್ದ ದೊಡ್ಡ ಚಿತ್ರೋತ್ಸವದ ಮುಖ್ಯ ಸ್ಪರ್ಧೆಗೆ ಸಿನಿಮಾ ಆಯ್ಕೆಯಾಯಿತು. ಪತ್ರದಲ್ಲಿ ಕೊನೆಯ ಕೂಗಿನ ಬಗ್ಗೆಯೇ ಎರಡು ಸಾಲಿವೆ. ಒಂಬತ್ತು ವರ್ಷ. ಏನೂ ಬರೆಯಲು ಆಗುತ್ತಿಲ್ಲ, ಬಂದರಿಗೆ ಹೊರಟೆ.

ಜನವರಿ ೧೯

ಟ್ರೇಲರ್ ಬಿಟ್ಟದ್ದು ಮೊನ್ನೆ. ಎಲೋಡಿಯ ಜನ ಅದರ ಕೊನೆಗೆ ಆ ಕೂಗನ್ನೇ ಇಟ್ಟಿದ್ದಾರೆ. ನಾನೂ ಒಪ್ಪಿದ್ದೆ.

ಇವತ್ತು ಮೆಲಿಸ್ ಫೋನ್ ಮಾಡಿದ. ಊರಿನಲ್ಲಿ ಎಲ್ಲರ ಫೋನಿಗೂ ಅದು ಬಂದಿದೆ. ಬಿಶ್ಕೆಕ್‌ನಲ್ಲಿರುವ ಯಾರೋ ಹುಡುಗರು ಕಳಿಸಿದ್ದಂತೆ, ನಮ್ಮೂರಿನ ಹೆಂಗಸು ಫ್ರಾನ್ಸಿನಲ್ಲಿ ಎಂದು.

‘ಹೊಗಳ್ತಿದಾರಾ?’ ಅಂದೆ.

‘ಹೊಗಳೋದಾ? ನಿನ್ನೆ ಕೆಂಜೆ ಅಜ್ಜಿ ಮನೇಲಿ ಮೊಮ್ಮಗನ ತೊಟ್ಟಿಲ ಊಟ. ನಿಮ್ಮತ್ತಿಗೆ ಹೋದ್ಲು. ಸಮೊವಾರದ ಹತ್ರ ಕೂತು ಎಲ್ಲರಿಗೂ ಚಹಾ ಬಗ್ಗಿಸೋದು ಇಷ್ಟು ವರ್ಷ ಯಾರು? ಅವಳೇ ತಾನೇ? ನಿನ್ನೆ ಅಜ್ಜಿ ಅವಳ ಕೈಯಿಂದ ಬಟ್ಟಲು ತಗೊಂಡು ಬೇರೆ ಹುಡುಗೀನ ಕೂರ್ಸಿದ್ರು. ಹಿರಿಯರ ಹೆಸರು ಬೀದೀಲಿ ಕೂಗೋಳ ಕೈ ಚಹಾ ನಮ್ಗೆ ಇಳಿಯಲ್ಲ ಅಂದ್ರಂತೆ. ಎಲ್ಲರ ಮುಂದೆ.’

‘ಅದು ಅವರ ದನಿ ಅಲ್ಲ ಅಣ್ಣ. ನನ್ನದು.’

ಅವನು ಎದ್ದು ಬಾಗಿಲು ಮುಚ್ಚಿದ ಸದ್ದು ಕೇಳಿಸಿತು. ಆಮೇಲೆ, ‘ನಿಜವಾಗ್ಲೂ ಕೂಗಿದ್ಯೇನಮ್ಮಾ ಅಂತ ಅಜ್ಜಿ ಕೇಳಿದಾರೆ. ಹೌದು, ನಾನೇ ಕೂಗಿದ್ದು ಅಂದಿದಾಳೆ’ ಎಂದ.

ಜನವರಿ ೨೦

ಅತ್ತಿಗೆ ಫೋನ್ ತೆಗೆಯುತ್ತಿಲ್ಲ.

ಜನವರಿ ೨೧

ತೆಗೆಯುತ್ತಿಲ್ಲ. ಬಂದರಿಗೆ ಹೋದೆ, ಬಂದೆ. ಅಡುಗೆ ಮಾಡಿದೆ, ಚೆಲ್ಲಿದೆ.

ಜನವರಿ ೨೨

ತೆಗೆದರು.

ನಾನು ಬಾಯಿ ತೆರೆಯುವ ಮೊದಲೇ ಅತ್ತಿಗೆ, ‘ಅಲ್ಲಿ ಚಳಿ ಹೇಗಿದೆ? ಉಣ್ಣೆ ಕಾಲುಚೀಲ ಹಾಕ್ಕೋತಿದೀಯಾ?’ ಎಂದರು.

‘ಯಾಕೆ ಹಾಗಂದ್ರಿ ಅತ್ತಿಗೆ? ನೀವು ಕೂಗ್ಲಿಲ್ಲ ಅಂತ ಯಾಕೆ ಹೇಳ್ಲಿಲ್ಲ?’

‘ಮತ್ತೇನು ಹೇಳ್ಬೇಕಿತ್ತು? ಈ ಮನೆ ಮಗಳು ಇಡೀ ಲೋಕಕ್ಕೆ ಸುಳ್ಳು ತೋರಿಸ್ತಿದಾಳೆ ಅಂತ ಹೇಳ್ಲಾ? ಆ ದನಿ ನಿಂದು ಅಂತ ನನಗೆ ಕೂಡ್ಲೇ ಗೊತ್ತಾಯ್ತು. ನೀನು ಎಂಟು ವರ್ಷದೋಳಿದ್ದಾಗಿಂದ ಕೇಳಿದ ದನಿ. ನಿನ್ನ ಬಾಯಿಂದ ಅದು ತಪ್ಪಲ್ಲ, ನಿನ್ನಪ್ಪ. ನನ್ನ ಬಾಯಿಗೆ ಅಂಟಿಸಿದ್ದು ತಪ್ಪು.’

‘ಅದನ್ನೇ ಅವರಿಗೆ…’

‘ನೋಡು ಎರ್ಕೆ. ನಾನು ಹೊರಗಿನಿಂದ ಬಂದೋಳು. ಬೈಸ್ಕೊಂಡು ಬೈಸ್ಕೊಂಡೇ ಈ ಊರೋಳಾಗಿದ್ದು. ಇನ್ನೊಂದಷ್ಟು ಬೈಸ್ಕೊಂಡ್ರೆ ಸವೆಯಲ್ಲ. ನಿನಗೆ ಮಾತ್ರ ಈ ಊರಿಗೆ ಬರೋಕೆ ಒಂದು ಬಾಗಿಲು ಇರ್ಬೇಕು.’

ನಾನು ಅಳುತ್ತಿದ್ದೆ. ‘ಹಸಿವಾ?’ ಎಂದು ಕೇಳಿದರು. ಹೌದು ಅಂದೆ.

ಜನವರಿ ೨೩

ಎರ್ಮೆಕ್‌ಗೆ ಬರೆದೆ: ಆ ದಿನ ನೀನು ಕೇಳಿ ಎಂದು ತಂದದ್ದು ಏನು? ಇನ್ನೂ ಇದೆಯಾ?

‘ಇದೆ ಅಕ್ಕಾ. ನೀವು ಕೇಳಿದ್ರೆ ಕೊಡೋಣ ಅಂತ ಗಾಳಿ ಸದ್ದು ತಗ್ಗಿಸಿ ಇಟ್ಟಿದೀನಿ. ನೀವು ಕೇಳ್ಲೇ ಇಲ್ಲ’ ಎಂದು ಬರೆದು ಶಬ್ದ ಕಳಿಸಿದ.

ಮೊದಲು ಉಸಿರು. ಬಟ್ಟೆ ಪಟಪಟ ಬಡಿಯುವುದು. ಆಮೇಲೆ ಅತ್ತಿಗೆಯ ದನಿ, ದೊಡ್ಡದಾಗಿ, ಉದ್ದಕ್ಕೆ:

‘ಚಹಾ ಆರ್ತಾ ಇದೇ… ಮನೆಗೆ ಬನ್ನೀ…’

ಸ್ವಲ್ಪ ಹೊತ್ತು ಗಾಳಿ. ಮತ್ತೆ ಅದೇ, ಇನ್ನಷ್ಟು ಜೋರಾಗಿ. ಆಮೇಲೆ ಪಕ್ಕದಲ್ಲಿರುವವರಿಗೆ ಹೇಳುವಷ್ಟು ಮೆಲ್ಲಗೆ, ‘ಕೆನೆ ತೆಗೆದಿಟ್ಟಿದೀನಿ.’ ಕೊನೆಗೆ, ‘ಸಾಕಾ ಎರ್ಕೆ? ಇನ್ನೊಂದ್ಸಲ ಕೂಗ್ಲಾ?’

ಕೇಳಿದೆ. ಮತ್ತೆ ಕೇಳಿದೆ. ಅಪ್ಪ ಕೊಟ್ಟಿಗೆಯಲ್ಲಿ, ಹುಲ್ಲುಗಾವಲಲ್ಲಿ, ಬೇಲಿಯ ಹತ್ತಿರ ಯಾರೊಡನೆಯೋ ಹರಟುತ್ತ ನಿಂತಲ್ಲಿ, ಹೀಗೇ ಅಲ್ಲವೇ ಇವರು ಕರೆಯುತ್ತಿದ್ದುದು? ಹೆಸರಿಲ್ಲದೆ, ಸಂಬಂಧವನ್ನೂ ಕೂಗದೆ. ಚಹಾ ಆರುತ್ತಿದೆ ಎಂದರೆ ಇಡೀ ಬೀದಿಯಲ್ಲಿ ಅದು ಯಾರಿಗೆ ಎಂದು ಎಲ್ಲರಿಗೂ ಗೊತ್ತಿತ್ತು. ನನಗೂ ಗೊತ್ತಿತ್ತು. ಬಿಡುಗಡೆ ಅಂತೆ ಬಿಡುಗಡೆ. ನನ್ನ ತಲೆ.

ಫೆಬ್ರವರಿ ೨

ಎಲೋಡಿಯ ಜೊತೆ ಜಗಳ. ಜಗಳ ಎಂದರೆ ಅವಳು ಮಾತಾಡಿದಳು, ನಾನು ಹಟ ಹಿಡಿದೆ. ಟ್ರೇಲರ್ ತೆಗೆಸಿದೆ. ನನ್ನ ದನಿ ಕಿತ್ತುಹಾಕಿ ಆ ಶಬ್ದ ಇಡುತ್ತೇನೆ ಎಂದೆ.

‘ಚಹಾ ಆರುತ್ತಿದೆ?’ ಎಂದಳು. ‘ಸಾಯಾಕಾಲ್, ಒಬ್ಬ ಮನುಷ್ಯ ಮಂಜಿನಲ್ಲಿ ಸಾಯುತ್ತಿದ್ದಾನೆ. ಅವಳು ಚಹಾ ಎನ್ನುತ್ತಾಳೆ. ಜನ ನಗುತ್ತಾರೆ.’

‘ನಗಲಿ.’

‘ಉತ್ಸವ ಆರಿಸಿದ್ದು ಆ ಕೂಗನ್ನು.’

‘ಆ ಕೂಗು ಸುಳ್ಳು.’

‘ಸಿನಿಮಾದಲ್ಲಿ ಯಾವುದು ನಿಜ?’ ಎಂದಳು. ಒಳ್ಳೆಯ ಪ್ರಶ್ನೆ, ಬೇರೆ ದಿನವಾಗಿದ್ದರೆ ಕೂತು ವಾದ ಮಾಡುತ್ತಿದ್ದೆ. ಇವಳಿಗೂ ನನ್ನ ಹೆಸರು ಸರಿಯಾಗಿ ಹೇಳಲು ಬರುವುದಿಲ್ಲ, ಒಂಬತ್ತು ವರ್ಷದಿಂದ ಸಾಯಾಕಾಲ್. ಇವತ್ತು ಅದು ಕಿವಿಗೆ ಚುಚ್ಚಿತು.

ಫೆಬ್ರವರಿ ೧೧

ಉತ್ಸವದವರು ಬರೆದಿದ್ದಾರೆ. ವಿನಯದಿಂದಲೇ. ನಾವು ಆರಿಸಿದ್ದು ಈ ಸಿನಿಮಾ ಅಲ್ಲ, ಸ್ಪರ್ಧೆಯಲ್ಲಿ ಇಡಲಾರೆವು, ಬೇರೆ ವಿಭಾಗದಲ್ಲಿ ಒಂದು ಆಟ ಕೊಡುತ್ತೇವೆ ಎಂದು. ಅಳು ಬರುತ್ತದೆ ಅಂದುಕೊಂಡೆ. ಬರಲಿಲ್ಲ. ಒಂಬತ್ತು ವರ್ಷ ಎಂದುಕೊಂಡೇ ಪಾತ್ರೆ ತೊಳೆದೆ.

ಊರಿಗೆ ಫೋನ್ ಮಾಡಿ ಅತ್ತಿಗೆಗೆ ಹೇಳಿದೆ. ಬೈದರು. ‘ಆ ಬೈಗುಳ ನಾನು ಹೊತ್ಕೊಂಡಾಗಿದೆ. ಈಗ ಇಳಿಸ್ತೀನಿ ಅಂತ ಬರ್ತೀಯಾ? ಅಂಟಿಸಿದ ದಿನಾನೇ ಹೇಳಿದ್ರೆ ಇಬ್ಬರಲ್ಲಿ ಒಬ್ಬರಾದ್ರೂ ಉಳೀತಿದ್ವಿ.’ ಆಮೇಲೆ ದನಿ ಇಳಿಸಿ, ‘ಬದಲಿಗೆ ಏನಿಟ್ಟೆ?’ ಎಂದರು.

‘ನೀವು ಕೂಗಿದ್ದೇ. ಚಹಾ.’

‘ಅಯ್ಯೋ, ಅದನ್ನಾ? ಏನಾದ್ರೂ ಕೂಗು ಅಂದೆಯಲ್ಲ. ಆ ಮಂಜಲ್ಲಿ ಮನುಷ್ಯನನ್ನ ಮನೆಗೆ ಕರೆಯೋಕೆ ಇನ್ನೇನು ಕೂಗ್ತಾರೆ?’ ನಾಚಿಕೊಂಡಿದ್ದರು, ಫೋನಿನಲ್ಲೂ ತಿಳಿಯುತ್ತಿತ್ತು. ‘ಕೆನೆ ಅಂದದ್ದನ್ನ ತೆಗೆದುಬಿಡು. ಜಿಪುಣಿ ಅಂದ್ಕೋತಾರೆ, ಎಲ್ಲರಿಗೂ ಕೊಡಲ್ವಾ ಅಂತ.’

ತೆಗೆಯಲಿಲ್ಲ.

ಮಾರ್ಚ್ ೬

ಆಟ ಆಯಿತು. ಮಧ್ಯಾಹ್ನದ ಹೊತ್ತು, ಅರ್ಧ ಸಭಾಂಗಣ. ಕೊನೆಯಲ್ಲಿ ಮುಂದಿನ ಸಾಲಿನಲ್ಲಿ ಇಬ್ಬರು ನಕ್ಕರು. ಎಲೋಡಿ ನನ್ನ ಕಡೆ ನೋಡಲಿಲ್ಲ. ಹೊರಗೆ ಬಂದಾಗ ಒಬ್ಬ ಪತ್ರಕರ್ತ, ಮುಂದಿನ ಸಿನಿಮಾ ಯಾವಾಗ ಎಂದು ಕೇಳಿದ. ಗೊತ್ತಿಲ್ಲ ಎಂದೆ. ನಿಜವಾಗಿಯೂ ಗೊತ್ತಿಲ್ಲ, ಹಣ ಯಾರು ಕೊಡುತ್ತಾರೆ?

ಎರ್ಮೆಕ್ ಕೇಳಿದ್ದಾನೆ, ಊರಿನ ಕ್ಲಬ್ಬಿನಲ್ಲಿ, ಸೋವಿಯತ್ ಕಾಲದ ಆ ಸಭಾಮನೆಯಲ್ಲಿ, ತೋರಿಸೋಣವೇ ಎಂದು. ಪರದೆ, ಪ್ರೊಜೆಕ್ಟರ್ ಅವನೇ ತರುತ್ತಾನಂತೆ.

ಮೇ ೧೪, ಸಾಜ್

ಮನೆಗೆ ಬಂದು ನಾಲ್ಕು ದಿನ. ನಾಳೆ ಸಿನಿಮಾ. ಕ್ಲಬ್ಬಿನ ಬೀಗ ತೆಗೆಸಿದ್ದೇವೆ, ಒಳಗೆ ಕೋಳಿಗಳಿದ್ದವು.

ಊರಿನವರು ನನ್ನೊಡನೆ ಮಾತಾಡುತ್ತಾರೆ, ಅತ್ತಿಗೆಯೊಡನೆ ಕಡಿಮೆ. ನಿನ್ನೆ ಎರಡು ಮನೆಯಲ್ಲಿ ಊಟವಿತ್ತು, ಎರಡಕ್ಕೂ ಅವರು ಹೋಗಲಿಲ್ಲ. ಕೆಲಸ ಇದೆ ಎಂದರು. ಯಾವ ಕೆಲಸವೂ ಇರಲಿಲ್ಲ, ಒಗೆದ ಬಟ್ಟೆಯನ್ನೇ ಮತ್ತೆ ಒಗೆಯುತ್ತಿದ್ದರು. ನಾನೇ ಮನೆಮನೆಗೆ ಹೋಗಿ ಹೇಳಿಬರುತ್ತೇನೆ ಎಂದದ್ದಕ್ಕೆ, ‘ಹೋದ್ರೆ ನಿನ್ನ ಜೊತೆ ಮಾತು ಬಿಡ್ತೀನಿ’ ಎಂದರು.

ನಾಳೆ ನೋಡಲು ಬನ್ನಿ ಅಂದೆ. ‘ಊರವ್ರ ಮಧ್ಯೆ ಕೂತು ನನ್ನ ಮುಖ ನಾನೇ ನೋಡೋಕೆ ನನಗೇನು ಬೇರೆ ಕೆಲಸ ಇಲ್ವಾ?’

ಮೇ ೧೫

ಕ್ಲಬ್ಬು ತುಂಬಿತ್ತು. ಬೆರಣಿ ಸಿನಿಮಾ ನೋಡಲು ಬಂದವರು ತಾವೇ ಬೆಂಚು ಹೊತ್ತು ತಂದಿದ್ದರು. ನಾನು ಗೋಡೆಗೆ ಒರಗಿ ನಿಂತೆ, ಕೂರಲಾಗಲಿಲ್ಲ. ಮೊದಲರ್ಧವೆಲ್ಲ ಗಲಾಟೆ. ‘ಅದು ನಮ್ಮ ಕುದುರೆ’, ‘ಏಯ್, ನಿನ್ನ ಬೇಲಿ ನೋಡು, ಫ್ರಾನ್ಸಿಗೂ ಓರೆಯಾಗೇ ಹೋಗಿದೆ.’ ಮುದುಕ ಮಂಜಿನೊಳಗೆ ಹೋದ ಮೇಲೆ ಸದ್ದು ನಿಂತಿತು. ಮೆಲಿಸ್ ಟೋಪಿ ತೆಗೆದು ತೊಡೆಯ ಮೇಲೆ ಇಟ್ಟುಕೊಂಡ.

ಕೊನೆಯ ದೃಶ್ಯ ಬಂತು. ಅತ್ತಿಗೆ ಬೆಟ್ಟದ ಅಂಚಿಗೆ ಬಂದು ನಿಂತರು. ಮುಂದಿನ ಸಾಲಿನಲ್ಲಿ ಕೆಂಜೆ ಅಜ್ಜಿ ಮುಖ ಬೇರೆ ಕಡೆ ತಿರುಗಿಸಿದರು, ಸೊಸೆಯ ಬಾಯಲ್ಲಿ ಆ ಹೆಸರು ಕೇಳಬಾರದೆಂದು. ಪಕ್ಕದ ಹೆಂಗಸರೂ ತಿರುಗಿಸಿದರು.

ಚಹಾ ಆರ್ತಾ ಇದೇ. ಮನೆಗೆ ಬನ್ನೀ.

ಯಾರೂ ನಗಲಿಲ್ಲ. ಅಜ್ಜಿ ಮೆಲ್ಲಗೆ ಪರದೆಯ ಕಡೆ ತಿರುಗಿದರು. ಕೆನೆ ತೆಗೆದಿಟ್ಟಿದೀನಿ ಎನ್ನುವಾಗ ಹಿಂದೆ ಯಾರೋ ಬಿಕ್ಕಿದರು. ನೋಡಿದರೆ ಮೆಲಿಸ್.

ದೀಪ ಹಾಕಿದ ಮೇಲೆ ಅಜ್ಜಿ ಕೋಲೂರಿಕೊಂಡು ನೇರ ನನ್ನ ಹತ್ತಿರ ಬಂದರು. ‘ಫೋನಲ್ಲಿ ಬಂದ ಕೂಗು ಅವಳದಲ್ಲ.’

‘ಅಲ್ಲ ಅಜ್ಜಿ.’

‘ನಿಂದು.’

‘ಹೌದು.’ ಎಲ್ಲರಿಗೂ ಕೇಳುವಂತೆಯೇ ಹೇಳಿದೆ. ‘ಕೂಗಿದ್ದು ನಾನು. ಅವರ ಬಾಯಿಗೆ ಅಂಟಿಸಿದ್ದೂ ನಾನೇ. ಅವರಿಗೆ ಗೊತ್ತೇ ಇರಲಿಲ್ಲ.’

ಹೊಡೆಯುತ್ತಾರೆ ಅಂದುಕೊಂಡೆ, ಹೊಡೆದಿದ್ದರೂ ಸರಿಯಿತ್ತು. ಕೋಲನ್ನು ಇನ್ನೊಂದು ಕೈಗೆ ಬದಲಿಸಿದರು. ಆಮೇಲೆ ಹಿಂದಕ್ಕೆ ತಿರುಗಿ ಬೆಂಚಿನವರಿಗೆಲ್ಲ, ‘ಇನ್ನೂ ಕೂತಿದೀರಲ್ಲ, ಕೇಳಿಸ್ಲಿಲ್ವಾ? ಚಹಾ ಆರ್ತಿದೆಯಂತೆ. ಏಳಿ’ ಎಂದು ಬಾಗಿಲ ಕಡೆ ಹೊರಟರು.

ಇಡೀ ಕ್ಲಬ್ಬು ಅವರ ಹಿಂದೆ. ಬೆಂಚುಗಳನ್ನೂ ಹೊತ್ತುಕೊಂಡೇ ನಡೆದರು.

ಅತ್ತಿಗೆ ಬಾಗಿಲಿಗೆ ಬಂದು ಅಂಗಳದ ತುಂಬ ಜನ ನೋಡಿ ಗಾಬರಿಯಾದರು. ‘ಯಾರಿಗೇನಾಯ್ತು?’

‘ಯಾರಿಗೂ ಏನೂ ಆಗಿಲ್ಲ,’ ಅಜ್ಜಿ ಎಂದರು. ‘ನೀನೇ ಕರೆದೆ, ಬಂದ್ವಿ. ಬಿಸಿ ಇದೆಯಾ, ಆರಿಹೋಯ್ತಾ?’

ಅತ್ತಿಗೆ ನನ್ನನ್ನು ನೋಡಿದರು. ತಲೆವಸ್ತ್ರ ಸರಿಮಾಡಿಕೊಂಡರು. ‘ಇಷ್ಟು ಜನಕ್ಕೆ ಬಟ್ಟಲು ಎಲ್ಲಿಂದ ತರ್ಲಿ? ಏನು ನೋಡ್ತಾ ನಿಂತಿದೀಯ ಎರ್ಕೆ, ಪಕ್ಕದ ಮನೆಗೆ ಓಡು.’

ಓಡಿದೆ. ಬಟ್ಟಲುಗಳನ್ನು ಮಡಿಲಲ್ಲಿ ಹಾಕಿಕೊಂಡು ಬರುವಷ್ಟರಲ್ಲಿ ಅತ್ತಿಗೆ ಸಮೊವಾರದ ಪಕ್ಕ ಕೂತಿದ್ದರು, ಕೆಂಜೆ ಅಜ್ಜಿ ಎಲ್ಲರಿಗಿಂತ ಮೊದಲು ಕೈಚಾಚಿ ಕಾಯುತ್ತಿದ್ದರು.